ಏಳು ತಂತಿಯ ಪಿಟೀಲು: ಟಿ. ಚೌಡಯ್ಯನವರ ಬಂಡಾಯದ ಮರುವಿಚಾರ

ಸಂಗೀತಗಾರನೊಬ್ಬ ಹಳೆಯ ಜಾಡು ಬಿಟ್ಟು ನಡೆದು, ಸಿನಿಮಾದಲ್ಲೂ ಮುಖ ತೋರಿಸಿದರೆ ಅವನಿಗೆ ಬಂಡಾಯಗಾರನ ಪಟ್ಟ ಸಿದ್ಧವಾಗಿಯೇ ಇರುತ್ತದೆ. ಗ್ರೀಸಿನ ರಾಕ್ ಗಾಯಕ ಪಾವ್ಲೋಸ್ ಸಿದಿರೋಪುಲೋಸ್ (1948–1990) ಅದಕ್ಕೆ ಅರ್ಹನೇ. ರಾಕ್ ಎಂದರೆ ಇಂಗ್ಲಿಷಿನ ಸೊತ್ತು ಎನ್ನುತ್ತಿದ್ದ ಕಾಲದಲ್ಲಿ ಅವನು ‘ಫ್ಲೂ’ (1979) ಧ್ವನಿಮುದ್ರಿಕೆಯಲ್ಲಿ ಗ್ರೀಕಿನಲ್ಲೇ ಹಾಡಿದ. ಅದೇ ವರ್ಷ ಆಂದ್ರೇಯಾಸ್ ಥೊಮೊಪುಲೋಸ್ ನಿರ್ದೇಶನದ ‘ಓ ಅಸಿಮ್ವಿವಾಸ್ತೋಸ್’ ಚಿತ್ರದಲ್ಲಿ ನಟಿಸಿದ. ತಿರುಮಕೂಡಲು ಚೌಡಯ್ಯನವರಿಗೂ (1895–1967) ಇದೇ ಪಟ್ಟ ಕಟ್ಟಬಹುದೇ? ಕಟ್ಟಲಾಗದು ಎಂಬುದು ಈ ಲೇಖನದ ವಾದ.

ಬಿಡಾರಂ ಕೃಷ್ಣಪ್ಪನವರ ಶಿಷ್ಯರಾದ ಚೌಡಯ್ಯ 1927ರ ವೇಳೆಗೆ ಏಳು ತಂತಿಯ ಪಿಟೀಲನ್ನು ರೂಪಿಸಿದ್ದರು. ಕಾರಣ ತೀರ ಲೌಕಿಕವಾದದ್ದು: ಹಿಂದಿನ ಸಾಲಿನವರಿಗೆ ಪಿಟೀಲು ಕೇಳಿಸುತ್ತಿರಲಿಲ್ಲ. ಚಿಂತಾಮಣಿ ತಾಲ್ಲೂಕಿನ ಕೈವಾರದಲ್ಲಿ ಗುರುಪೂರ್ಣಿಮೆಗೆ ನಡೆಯುವ ಸಂಗೀತೋತ್ಸವದಂಥ ದೊಡ್ಡ ಸಭೆಗಳಲ್ಲಿ ಇಂದು ಮೈಕು ಮಾಡುವ ಕೆಲಸವನ್ನು ಅಂದು ವಾದ್ಯವೇ ಮಾಡಬೇಕಿತ್ತು. ಚೌಡಯ್ಯ ಮೂರು ತಂತಿಗಳಿಗೆ ಜೊತೆತಂತಿ ಕೊಟ್ಟರು. ನಾದ ತುಂಬಿಕೊಂಡಿತು, ಆದರೆ ನುಡಿಸುವವನ ಪಾಡು ಹೆಚ್ಚಿತು. ಒಂದೇ ಬೆರಳು ಎರಡು ತಂತಿಗಳನ್ನು ಸಮವಾಗಿ ಒತ್ತಬೇಕು, ಕಮಾನು ಎರಡನ್ನೂ ಒಟ್ಟಿಗೆ ಸವರಬೇಕು. ಜೊತೆತಂತಿ ಕೂದಲೆಳೆಯಷ್ಟು ಜಾರಿದರೂ ಗಮಕ ಕೆಟ್ಟು ಅಪಸ್ವರ ಕೇಳುತ್ತದೆ. ಇದು ಸೋಮಾರಿಗೆ ಸಲ್ಲುವ ಸುಧಾರಣೆಯಲ್ಲ.

ಇಷ್ಟೆಲ್ಲ ಬದಲಾದರೂ ರಾಗ, ತಾಳ, ಕಛೇರಿಯ ಕ್ರಮ ಯಾವುದೂ ಅಲುಗಲಿಲ್ಲ. ಅರಿಯಕ್ಕುಡಿ, ಚೆಂಬೈ, ಮುಸಿರಿ ಅವರಂಥ ಗಾಯಕರ ಪಕ್ಕದಲ್ಲಿ ಕುಳಿತು ಅವರ ಸಂಗೀತವನ್ನು ಹಿಂದಿನ ಸಾಲಿಗೂ ಮುಟ್ಟಿಸುವುದೇ ಈ ತಂತಿಗಳ ಕೆಲಸವಾಗಿತ್ತು. ‘ತ್ರಿಮಕುಟ’ ಅಂಕಿತದಲ್ಲಿ ಕೃತಿ ರಚಿಸಿದ, ಮೈಸೂರಿನಲ್ಲಿ ಅಯ್ಯನಾರ್ ಸಂಗೀತ ಕಾಲೇಜು ಕಟ್ಟಿದ ಮನುಷ್ಯ ಪರಂಪರೆಯ ಮನೆಯೊಳಗಿದ್ದೇ ಅದರ ಕಿಟಕಿ ಅಗಲ ಮಾಡಿದವರು. ಮದರಾಸಿನ ಮ್ಯೂಸಿಕ್ ಅಕಾಡೆಮಿ 1957ರಲ್ಲಿ ಅವರಿಗೆ ಸಂಗೀತ ಕಲಾನಿಧಿ ಬಿರುದು ಕೊಟ್ಟಿತು. ಬಂಡಾಯಗಾರರಿಗೆ ಇಂಥ ಮನ್ನಣೆ ಸುಲಭಕ್ಕೆ ದಕ್ಕುವುದಿಲ್ಲ.

1943ರಲ್ಲಿ ತೆರೆಕಂಡ ‘ವಾಣಿ’ಯನ್ನೂ ಈ ಬೆಳಕಿನಲ್ಲೇ ನೋಡಬೇಕು. ಕೆ. ಹಿರಣ್ಣಯ್ಯ ನಿರ್ದೇಶಿಸಿದ ಆ ಚಿತ್ರದಲ್ಲಿ ಚೌಡಯ್ಯ ನಟಿಸಿದರು. ಪಂಡರೀಬಾಯಿ ಚಿತ್ರರಂಗಕ್ಕೆ ಬಂದದ್ದೂ ಅದರಿಂದಲೇ. ಸಿದಿರೋಪುಲೋಸನಿಗೆ ತೆರೆ ತನ್ನ ಒಂಟಿತನವನ್ನು ಹೇಳಿಕೊಳ್ಳುವ ಜಾಗವಾಗಿತ್ತು. ಚೌಡಯ್ಯನವರಿಗೆ, ನನ್ನ ಓದಿನಲ್ಲಿ, ಅದು ಇನ್ನೂ ದೊಡ್ಡದೊಂದು ಸಭೆ. ತಂತಿ ಸೇರಿಸಿದ ಕೈಗೆ ಕ್ಯಾಮೆರಾ ಪರಕೀಯವಾಗದಿದ್ದರೆ ಅಚ್ಚರಿಯೇನಿಲ್ಲ. ಅವರ ಜೀವನಚಿತ್ರಗಳಲ್ಲಿ ಈ ಸಿನಿಮಾ ಒಂದು ಸಾಲಿನಲ್ಲಿ ಮುಗಿಯುವುದು ಸರಿಯಲ್ಲ.

ಬೆಂಗಳೂರಿನ ಚೌಡಯ್ಯ ಸ್ಮಾರಕ ಭವನ 1980ರಲ್ಲಿ ಪಿಟೀಲಿನ ಆಕಾರದಲ್ಲೇ ಎದ್ದು ನಿಂತಿತು. ಏಳು ತಂತಿಯ ವಾದ್ಯಕ್ಕೆ ಮಾತ್ರ ಮೈಕು ಬಂದ ಮೇಲೆ ಹೆಚ್ಚು ಕೆಲಸ ಉಳಿಯಲಿಲ್ಲ. ಇಂದಿನ ಕಛೇರಿಗಳಲ್ಲಿ ಕಾಣುವುದು ಬಹುಪಾಲು ನಾಲ್ಕು ತಂತಿಯ ಪಿಟೀಲೇ.