ನೋಡದವರ ಮೇಲೆ ಕಟ್ಟಿದ ಕಥೆ: ಶೈಲಾಕನಿಂದ ಹ್ಯಾನಾವರೆಗೆ

ಜಾತ್ರೆ ಬಂತೆಂದರೆ ನಮ್ಮ ಕೆಂಭಾವಿ, ಸುರಪುರ, ಶಹಾಪುರ ಕಡೆ ಬೆಳತನಕ ಸಾಮಾಜಿಕ ನಾಟಕ. ಅದರಲ್ಲಿ ಕೆಟ್ಟವನ ಪಾತ್ರ ಹೆಚ್ಚಾಗಿ ಊರ ಗೌಡನದು, ಇಲ್ಲವೆ ಬಡ್ಡಿ ಸಾವ್ಕಾರನದು. ನಾವೆಲ್ಲ ಅವನಿಗೆ ಬೈಯುತ್ತೇವೆ, ಅವನು ಸೋತಾಗ ಸಿಳ್ಳೆ ಹಾಕುತ್ತೇವೆ. ಆದರೆ ಬೆಳಗಾದ ಮೇಲೆ ಯಾರೂ ಗೌಡರ ಮನೆಗೆ ಕಲ್ಲು ಹೊಡೆಯಲು ಹೋಗುವುದಿಲ್ಲ. ಯಾಕೆಂದರೆ ನಾವು ಹತ್ತು ಮಂದಿ ಗೌಡರನ್ನು ಕಣ್ಣಾರೆ ಕಂಡಿದ್ದೇವೆ. ಒಳ್ಳೆಯವರೂ ಗೊತ್ತು, ಕೆಟ್ಟವರೂ ಗೊತ್ತು.

ಒಬ್ಬರನ್ನೂ ನೋಡದ ಜನರ ಬಗ್ಗೆ ಅದೇ ನಾಟಕ ಆಡಿದರೆ ಏನಾಗುತ್ತದೆ? ಯೆಹೂದಿಗಳ ಕಥೆ ಅದೇ.

ಇಲ್ಲದವರ ಮೇಲೆ ನಾಟಕ

ಶೇಕ್ಸ್‌ಪಿಯರನ 'ವೆನಿಸ್ಸಿನ ವ್ಯಾಪಾರಿ' ನಾಟಕದ ಕಥೆಯನ್ನು ನಮ್ಮಲ್ಲಿ ಬಹಳ ಮಂದಿ ಕೇಳಿರುತ್ತಾರೆ. ಶೈಲಾಕ್ ಎಂಬ ಯೆಹೂದಿ ಬಡ್ಡಿ ವ್ಯಾಪಾರಿ ಸಾಲ ಕೊಡುತ್ತಾನೆ. ವಾಯಿದೆಗೆ ತೀರಿಸದಿದ್ದರೆ ಮೈಯಿಂದ ಒಂದು ಪೌಂಡ್ ಮಾಂಸ ಕೊಡಬೇಕೆಂದು ಬರೆಸಿಕೊಳ್ಳುತ್ತಾನೆ. ಕೊನೆಗೆ ಕೋರ್ಟಿನಲ್ಲಿ ಸೋಲುತ್ತಾನೆ, ತನ್ನ ಧರ್ಮವನ್ನೇ ಬಿಡಬೇಕಾಗುತ್ತದೆ.

ಇದನ್ನು ಬರೆದದ್ದು 1596ರ ಆಸುಪಾಸಿನಲ್ಲಿ. ಆದರೆ ಇಂಗ್ಲೆಂಡಿನ ರಾಜ ಒಂದನೇ ಎಡ್ವರ್ಡ್ 1290ರಲ್ಲೇ ಯೆಹೂದಿಗಳನ್ನೆಲ್ಲ ದೇಶದಿಂದ ಹೊರಗೆ ಹಾಕಿದ್ದ. ಅಂದರೆ ಸುಮಾರು 300 ವರ್ಷಗಳಿಂದ ಅಲ್ಲಿ ಯೆಹೂದಿಗಳು ಬಹಿರಂಗವಾಗಿ ಬಾಳುವಂತಿರಲಿಲ್ಲ. ನಾಟಕ ನೋಡಲು ಬಂದ ಬಹುತೇಕರು ಯೆಹೂದಿಯನ್ನು ಕಂಡವರೇ ಅಲ್ಲ. ಅವರಿಗೆ ಯೆಹೂದಿ ಎಂದರೆ ರಂಗದ ಮೇಲಿನ ಶೈಲಾಕ್ ಒಬ್ಬನೇ.

ಹಾಗೆಂದು ಶೇಕ್ಸ್‌ಪಿಯರ್ ಬರೀ ದ್ವೇಷ ಬರೆದ ಎನ್ನಲಾಗದು. ತನ್ನ ಮೇಲೆ ಉಗುಳಿದವರೇ ತನ್ನ ಹತ್ತಿರ ಸಾಲ ಕೇಳಲು ಬಂದರೆಂದು ಶೈಲಾಕ್ ನೆನಪಿಸುತ್ತಾನೆ. ತಾನೂ ಇತರರಂತೆ ನೋವುಣ್ಣುವ ಮನುಷ್ಯನೆಂದು ವಾದಿಸುತ್ತಾನೆ. ಆದರೆ ಜನರ ಬಾಯಲ್ಲಿ ಉಳಿದದ್ದು ಆ ಮಾತಲ್ಲ, ಅವನ ಕೈಯಲ್ಲಿದ್ದ ಚಾಕು.

ಬಡ್ಡಿಯ ಹಿಂದೆಯೂ ಒಂದು ಕಾರಣವಿತ್ತು. ಯುರೋಪಿನ ಬಹಳ ಕಡೆ ಯೆಹೂದಿಗಳು ಹೊಲ ಹೊಂದುವಂತಿರಲಿಲ್ಲ, ಕಸುಬುದಾರರ ಸಂಘಗಳಿಗೂ ಅವರನ್ನು ಸೇರಿಸುತ್ತಿರಲಿಲ್ಲ. ಕ್ರೈಸ್ತರು ಬಡ್ಡಿ ತೆಗೆದುಕೊಳ್ಳುವುದನ್ನು ಚರ್ಚ್ ನಿಷೇಧಿಸಿತ್ತು. ಹೀಗಾಗಿ ಕೆಲವು ಯೆಹೂದಿಗಳಿಗೆ ಉಳಿದ ದಾರಿ ಸಾಲದ ವ್ಯಾಪಾರ. ಬೇರೆ ದಾರಿ ಮುಚ್ಚಿದವರೇ ಆಮೇಲೆ 'ಇವರ ರಕ್ತದಲ್ಲೇ ಬಡ್ಡಿ ಇದೆ' ಎಂದರು.

ಬಾವಿಗೆ ವಿಷ ಎಂಬ ಸುದ್ದಿ

ನಮ್ಮೂರ ಹೆಸರಲ್ಲೇ ಬಾವಿ ಇದೆ. ಹಾಗಾಗಿ ಈ ಸಂಗತಿ ನಮಗೆ ಬೇಗ ತಟ್ಟುತ್ತದೆ. 1348ರ ಹೊತ್ತಿಗೆ ಯುರೋಪಿಗೆ ಪ್ಲೇಗ್ ಬಡಿಯಿತು. ರೋಗ ಹೇಗೆ ಹರಡುತ್ತದೆಂದು ಆಗ ಯಾರಿಗೂ ತಿಳಿಯದು. ಯೆಹೂದಿಗಳು ಬಾವಿಗಳಿಗೆ ವಿಷ ಹಾಕಿದ್ದಾರೆ ಎಂಬ ಸುದ್ದಿ ಊರಿಂದ ಊರಿಗೆ ಹಬ್ಬಿತು. ಯೆಹೂದಿಗಳೂ ಅದೇ ಪ್ಲೇಗಿನಿಂದ ಸಾಯುತ್ತಿದ್ದಾರೆ, ಈ ಆರೋಪ ಸುಳ್ಳು ಎಂದು ಆರನೇ ಕ್ಲೆಮೆಂಟ್ ಪೋಪರೇ ಆಜ್ಞೆ ಹೊರಡಿಸಿದರು. ಯಾರೂ ಕೇಳಲಿಲ್ಲ. 1349ರ ಫೆಬ್ರುವರಿಯಲ್ಲಿ ಸ್ಟ್ರಾಸ್‌ಬರ್ಗ್ ನಗರದಲ್ಲಿ ನೂರಾರು ಯೆಹೂದಿಗಳನ್ನು ಜೀವಂತ ಸುಟ್ಟರು.

ಆಗ ಮೊಬೈಲ್ ಇರಲಿಲ್ಲ, ವಾಟ್ಸಾಪ್ ಇರಲಿಲ್ಲ. ಕಥೆ, ಹಾಡು, ನಾಟಕ ಇದ್ದವು. ಮೊದಲೇ ಮನಸ್ಸಿನಲ್ಲಿ ಚಿತ್ರ ಕೂತಿದ್ದರೆ ಸುಳ್ಳು ಸುದ್ದಿಗೆ ಸಾಕ್ಷಿ ಬೇಕಾಗುವುದಿಲ್ಲ.

1943ರಲ್ಲಿ, ನಾಜಿಗಳ ಆಳ್ವಿಕೆಯಲ್ಲಿದ್ದ ವಿಯೆನ್ನಾದ ಬರ್ಗ್‌ಥಿಯೇಟರ್‌ನಲ್ಲಿ ಶೈಲಾಕನನ್ನು ಮತ್ತೆ ರಂಗಕ್ಕೆ ತಂದರು. ವೆರ್ನರ್ ಕ್ರೌಸ್ ಎಂಬ ಹೆಸರಾಂತ ನಟ ಅವನನ್ನು ಅಸಹ್ಯ ಹುಟ್ಟಿಸುವಂತೆ ಆಡಿದ. ಆ ಹೊತ್ತಿಗೆ ನಗರದ ಯೆಹೂದಿಗಳಲ್ಲಿ ಬಹುಪಾಲು ಮಂದಿ ಓಡಿಹೋಗಿದ್ದರು, ಇಲ್ಲವೆ ಸಾವಿನ ಶಿಬಿರಗಳಿಗೆ ಸಾಗಿಸಲ್ಪಟ್ಟಿದ್ದರು. ಮತ್ತೆ ಅದೇ ಪಾಠ: ಜನ ಇಲ್ಲ, ಪಾತ್ರ ಮಾತ್ರ ಇದೆ. ನಾಜಿಗಳು ಕೊಂದ ಯೆಹೂದಿಗಳ ಸಂಖ್ಯೆ ಸುಮಾರು 60 ಲಕ್ಷ.

ಒಂದು ಪತ್ರ ಮಾಡಿದ ಕೆಲಸ

ಓದುಗರಿಂದ ಏನಾದೀತು ಎನ್ನುವವರಿಗೆ ಚಾರ್ಲ್ಸ್ ಡಿಕನ್ಸ್ ಕಥೆ ಹೇಳಬೇಕು. ಅವನ 'ಆಲಿವರ್ ಟ್ವಿಸ್ಟ್' ಕಾದಂಬರಿಯಲ್ಲಿ ಫೇಗಿನ್ ಎಂಬವನು ಮಕ್ಕಳಿಗೆ ಕಳ್ಳತನ ಕಲಿಸುತ್ತಾನೆ. ಡಿಕನ್ಸ್ ಅವನನ್ನು ಮತ್ತೆ ಮತ್ತೆ 'ಆ ಯೆಹೂದಿ' ಎಂದೇ ಕರೆದಿದ್ದ. 1863ರಲ್ಲಿ ಎಲೈಜಾ ಡೇವಿಸ್ ಎಂಬ ಯೆಹೂದಿ ಮಹಿಳೆ ಅವನಿಗೆ ಪತ್ರ ಬರೆದು, ಇದರಿಂದ ತಮ್ಮ ಜನಕ್ಕೆ ಅನ್ಯಾಯವಾಗಿದೆ ಎಂದರು. ಡಿಕನ್ಸ್ ಮೊದಲು ತನ್ನನ್ನು ಸಮರ್ಥಿಸಿಕೊಂಡ. ಆದರೆ ಮುಂದಿನ ಕಾದಂಬರಿಯಲ್ಲಿ ರಾಯಾ ಎಂಬ ಒಳ್ಳೆಯ ಯೆಹೂದಿ ಮುದುಕನ ಪಾತ್ರ ತಂದ. 1867ರ ಮುದ್ರಣದಲ್ಲಿ ಫೇಗಿನ್‌ಗೆ ಅಂಟಿಸಿದ್ದ 'ಯೆಹೂದಿ' ಎಂಬ ಪದವನ್ನು ಎಷ್ಟೋ ಕಡೆ ತೆಗೆದುಹಾಕಿದ.

ಕನ್ನಡ ನೆಲದ ಯೆಹೂದಿ

ಶೈಲಾಕನ ಕಥೆ ಕನ್ನಡಕ್ಕೆ ಬಂದು ಬಹಳ ಕಾಲವಾಯಿತು. ಬಾಗಲಕೋಟೆ ಸೀಮೆಯ ಕೆರೂರು ವಾಸುದೇವಾಚಾರ್ಯರು ಈ ನಾಟಕವನ್ನು 'ಸುರತ ನಗರದ ಶ್ರೇಷ್ಠಿ' ಎಂದು ಕನ್ನಡಕ್ಕೆ ಒಗ್ಗಿಸಿದರು. ವೆನಿಸ್ ಹೋಗಿ ಸೂರತ್ ಬಂತು.

ಆದರೆ ನಿಜವಾದ ಯೆಹೂದಿ ಅದಕ್ಕಿಂತ ಮೊದಲೇ ಕನ್ನಡ ನಾಡಿನಲ್ಲಿದ್ದ. ಅಬ್ರಹಾಂ ಬೆನ್ ಯಿಜು ಎಂಬ ವ್ಯಾಪಾರಿ 12ನೇ ಶತಮಾನದಲ್ಲಿ, ಅಂದರೆ ಬಸವಣ್ಣನವರ ಕಾಲದಲ್ಲೇ, ಮಂಗಳೂರಿನಲ್ಲಿ ಸುಮಾರು 17 ವರ್ಷ ಬಾಳಿದ. ಮೆಣಸು, ಅಡಿಕೆ ಕಳಿಸುತ್ತಿದ್ದ. ಕಂಚಿನ ಪಾತ್ರೆ ಮಾಡಿಸುತ್ತಿದ್ದ. ಆಶು ಎಂಬ ದಾಸಿಯನ್ನು 1132ರಲ್ಲಿ ಬಿಡುಗಡೆ ಮಾಡಿದ. ಅವನ ಆಳು ಬೊಮ್ಮ ವ್ಯಾಪಾರಕ್ಕೆಂದು ಏಡನ್‌ವರೆಗೆ ಹೋಗಿಬರುತ್ತಿದ್ದ. ಅಲ್ಲಿನ ವ್ಯಾಪಾರಿಗಳು ಪತ್ರದಲ್ಲಿ ಬೊಮ್ಮನಿಗೂ ನಮಸ್ಕಾರ ತಿಳಿಸುತ್ತಿದ್ದರು. ಈ ಪತ್ರಗಳು ಕೈರೋದ ಯೆಹೂದಿ ಮಂದಿರದಲ್ಲಿ ಉಳಿದು ಬಂದವು. ಇವುಗಳ ಬೆನ್ನು ಹತ್ತಿ ಅಮಿತಾವ್ ಘೋಷ್ 1992ರಲ್ಲಿ ಪುಸ್ತಕ ಬರೆದರು. ಅದರಲ್ಲಿನ ಬೆನ್ ಯಿಜು ಸಂತನೂ ಅಲ್ಲ, ರಾಕ್ಷಸನೂ ಅಲ್ಲ. ಲೆಕ್ಕ ಬರೆಯುವ, ಊರು ನೆನೆಯುವ ಒಬ್ಬ ಮನುಷ್ಯ.

2007ರಲ್ಲಿ ನೇಮಿಚಂದ್ರ ಅವರ 'ಯಾದ್ ವಶೇಮ್' ಕಾದಂಬರಿ ಬಂತು. ನಾಜಿಗಳು ಕೊಂದ ಯೆಹೂದಿಗಳ ನೆನಪಿಗೆ ಯೆರೂಸಲೇಮಿನಲ್ಲಿ ಕಟ್ಟಿದ ಸ್ಮಾರಕದ ಹೆಸರದು. ನಾಜಿ ಜರ್ಮನಿಯಿಂದ ಅಪ್ಪನ ಜೊತೆ ತಪ್ಪಿಸಿಕೊಂಡು ಬಂದ ಹ್ಯಾನಾ ಎಂಬ ಹುಡುಗಿ ಬೆಂಗಳೂರು ಸೇರುತ್ತಾಳೆ. ಅಪ್ಪ ತೀರಿದ ಮೇಲೆ ನೆರೆಯ ಮುಸ್ಲಿಂ ಕುಟುಂಬ ಅವಳನ್ನು ಸಾಕುತ್ತದೆ. ಹಿಂದೂ ಮನೆಯ ಸೊಸೆಯಾಗುತ್ತಾಳೆ. ವಯಸ್ಸಾದ ಮೇಲೆ, ಹಿಂದೆ ಬಿಟ್ಟುಬಂದ ತನ್ನವರನ್ನು ಹುಡುಕಿಕೊಂಡು ಇಸ್ರೇಲಿನವರೆಗೆ ಹೋಗುತ್ತಾಳೆ. ಅಲ್ಲಿ ಪ್ಯಾಲೆಸ್ತೀನಿಯರ ಸಂಕಟ ಕಂಡು, ನೊಂದವರೇ ಹೀಗೆ ನೋಯಿಸಬಹುದೇ ಎಂದು ಕೇಳುತ್ತಾಳೆ. ಯೆಹೂದಿಗಳ ನೋವನ್ನು ಪೂರ್ತಿ ಹೇಳಿಯೂ, ಇನ್ನೊಬ್ಬರ ನೋವಿಗೆ ಕಣ್ಣು ಮುಚ್ಚದ ಕಾದಂಬರಿ ಇದು.

ನಮ್ಮ ಬಾಯಿಗೆ ಬರುವ ಮಾತು

ಇಂದು ಬಡ್ಡಿ ಕಾಟದ ಸುದ್ದಿ ನಮ್ಮ ಜಿಲ್ಲೆಗೆ ಹೊಸದಲ್ಲ. ಮೈಕ್ರೋ ಫೈನಾನ್ಸ್ ಕಿರುಕುಳ ತಡೆಯಲು ಸರ್ಕಾರ 2025ರ ಫೆಬ್ರುವರಿಯಲ್ಲಿ ಸುಗ್ರೀವಾಜ್ಞೆಯನ್ನೇ ತಂದಿತು. ಸಾಲಗಾರನ ಮನೆ ಮುಂದೆ ಕೂಗಾಡುವವನನ್ನು ಪ್ರಶ್ನಿಸಲೇಬೇಕು. ಆದರೆ ಅವನನ್ನು 'ಶೈಲಾಕ್' ಎಂದು ಕರೆದರೆ ಬಡ್ಡಿಯ ಪಾಪ ಒಂದು ಜನಾಂಗದ ತಲೆಗೆ ಹೋಗುತ್ತದೆ, ಬಡ್ಡಿ ತಿಂದವನು ತಪ್ಪಿಸಿಕೊಳ್ಳುತ್ತಾನೆ. 'ಆ ಜಾತಿಯವರೇ ಹಾಗೆ', 'ಆ ಧರ್ಮದವರೇ ರೋಗ ತಂದರು' ಎಂಬ ಫಾರ್ವರ್ಡುಗಳದೂ ಇದೇ ಲೆಕ್ಕ.

ಕೆಂಭಾವಿಯ ಜನಕ್ಕೆ ಇದನ್ನು ಹೊರಗಿನವರು ಕಲಿಸಬೇಕಿಲ್ಲ. ನಮ್ಮ ಶರಣ ಕೆಂಭಾವಿ ಭೋಗಯ್ಯನವರ ಕಥೆ ಪುರಾಣಗಳಲ್ಲಿದೆ. ಊರು ಮುಟ್ಟಿಸಿಕೊಳ್ಳದವನ ವೇಷದಲ್ಲಿ ಶಿವ ಬಂದಾಗ ಅವರು ಮನೆಯೊಳಗೆ ಕರೆದು ಉಣಿಸಿದರು. ಮೇಲಿನವರು ಸಿಟ್ಟಾಗಿ ಅವರನ್ನು ಊರು ಬಿಡಿಸಿದರು. ಭೋಗಯ್ಯನವರು ಹೊರಟಾಗ ಗುಡಿಗಳಲ್ಲಿದ್ದ ಲಿಂಗಗಳೆಲ್ಲ ಅವರ ಬೆನ್ನ ಹಿಂದೆ ಹೊರಟವಂತೆ.

ಹೊರಹಾಕಿದವರ ಬಾಯಿಂದ ಕೇಳಿದ್ದರೆ ಆ ಕಥೆಯಲ್ಲಿ ಭೋಗಯ್ಯನವರು ಊರು ಕೆಡಿಸಿದವರಾಗುತ್ತಿದ್ದರು. ನಮ್ಮ ಹಿರಿಯರು ಅದನ್ನು ಹೊರಬಿದ್ದವರ ಕಡೆಯಿಂದ ಹೇಳಿದರು. ನಾವು ಕಾಣದ ಯಾವ ಜನರ ಬಗ್ಗೆಯೇ ಆಗಲಿ, ಫೋನಿಗೆ ಒಂದು ಕಥೆ ಬಂದಾಗ ಅದನ್ನು ಯಾವ ಕಡೆಯವರು ಹೇಳುತ್ತಿದ್ದಾರೆಂದು ಮೊದಲು ನೋಡೋಣ. ಆಮೇಲೆ ಮುಂದಕ್ಕೆ ಕಳಿಸುವ ಮಾತು.