ಇನ್ನೊಂದು ಕೀಲಿ

ಅತ್ತೆಯವರು ಕೊಟ್ಟ ಬೀಗದಕೈ ಗೊಂಚಲನ್ನು ಒಮ್ಮೆಯೂ ಕಳೆಯದ ನಾನು ಕಾರಿನ ಕೀಲಿಯನ್ನು ಮದುವೆಮನೆಯಲ್ಲಿ ಕಳೆದುಬಂದೆ. ಹಿಂದಾದರೆ ಬಸ್‌ಸ್ಟ್ಯಾಂಡಿನ ಕೀಲಿಯವನು ಅರದಿಂದ ಉಜ್ಜಿ ಹೊಸದು ಮಾಡಿಕೊಡುತ್ತಿದ್ದ.

1982ರಲ್ಲಿ ಫ್ರಾನ್ಸಿನ ರೆನೋ ಫ್ಯೂಗೋ ಕಾರಿಗೆ ರಿಮೋಟ್ ಬೀಗ ಬಂತು. ಸದಾ ಒಂದೇ ಸಂಕೇತವಾದರೆ ಕಳ್ಳ ಅದನ್ನು ಹಿಡಿದಿಟ್ಟುಕೊಂಡಾನು ನೋಡಿ. ಅದಕ್ಕೇ ಮುಂದೆ, ಒತ್ತಿದಾಗಲೆಲ್ಲ ಬದಲಾಗುವ ಸಂಕೇತ ಬಂತು. ಕಳ್ಳನ ಕೈಗೆ ಎಂಜಿನ್ ಸ್ಟಾರ್ಟ್ ಆಗದಂಥ ಕಾವಲು 1998ರ ಅಕ್ಟೋಬರಿನಿಂದ ಯುರೋಪಿನ ಹೊಸ ಕಾರುಗಳಿಗೆ ಕಡ್ಡಾಯವಾಯಿತು. ಕೀಲಿಯ ತಲೆಯೊಳಗೆ ಚಿಪ್ ಸೇರಿದ್ದು ಈ ಕಾವಲಿಗಾಗಿಯೇ. ಅದರ ಗುರುತು ಸಿಗದಿದ್ದರೆ ಕಾರು ಮಿಸುಕದು.

ಮನೆಗೆ ಬಂದ ಹುಡುಗ ಸ್ಟೀರಿಂಗಿನ ಕೆಳಗೆ ವೈರು ಸಿಕ್ಕಿಸಿ ಹೇಳಿದ: "ಅಮ್ಮಾ, ಹಳೇದನ್ನೆಲ್ಲ ಅಳಿಸ್ತೀನಿ. ಕಳೆದದ್ದು ಯಾರಿಗೆ ಸಿಕ್ಕಿದ್ರೂ ಭಯವಿಲ್ಲ. ಇನ್ನೊಂದಿದ್ರೆ ಈಗಲೇ ಕೊಡಿ, ಇಲ್ಲಾಂದ್ರೆ ಕಾರು ಅದನ್ನೂ ಮರೆಯುತ್ತೆ."

ಇನ್ನೊಂದಿತ್ತು, ನಮ್ಮ ಮನೆಯವರದು. ಅವರು ಹೋದಾಗಿನಿಂದ ದೇವರಮನೆಯ ಮೊಳೆಯಲ್ಲೇ ತೂಗುತ್ತಿತ್ತು. ಅದನ್ನು ತೆಗೆಯಲು ಮನಸ್ಸಾಗದೆ ತಾನೇ ಹೊಸದಕ್ಕೆ ದುಡ್ಡು ಸುರಿದದ್ದು!

"ಬ್ಯಾಟರಿ ಸತ್ತಿರಬಹುದಪ್ಪ," ಎಂದೆ.

"ಒಳಗಿನ ಚಿಪ್‌ಗೆ ಬ್ಯಾಟರಿ ಬೇಡಮ್ಮಾ, ಕಾರೇ ಶಕ್ತಿ ಕೊಡುತ್ತೆ."

ಒಳಗೆ ಹೋಗಿ, ಅದಕ್ಕೆ ಹತ್ತಿದ್ದ ಕುಂಕುಮವನ್ನು ಸೆರಗಿನಿಂದ ಒರೆಸಿ ತಂದು ಅವನ ಕೈಗಿಟ್ಟೆ.