ಸಾಂತೋ ದೊಮಿಂಗೋ: ಐದು ಶತಮಾನಗಳ ನಗರಕ್ಕೆ ಒಂದು ದಿನದ ಪ್ರವಾಸ

ಕೆರಿಬಿಯನ್ ಸಮುದ್ರದ ಹಿಸ್ಪಾನಿಯೋಲಾ ದ್ವೀಪದಲ್ಲಿ ಎರಡು ದೇಶಗಳಿವೆ: ಪಶ್ಚಿಮಕ್ಕೆ ಹೈಟಿ, ಪೂರ್ವಕ್ಕೆ ಡೊಮಿನಿಕನ್ ಗಣರಾಜ್ಯ. ಡೊಮಿನಿಕನ್ ಗಣರಾಜ್ಯಕ್ಕೆ ಬರುವ ಪ್ರವಾಸಿಗರಲ್ಲಿ ಹೆಚ್ಚಿನವರು ಇಳಿಯುವುದು ಪೂರ್ವ ತುದಿಯ ಪುಂತಾ ಕಾನಾದಲ್ಲಿ. ಬಿಳಿ ಮರಳು, ತೆಂಗಿನ ಸಾಲು, ದೊಡ್ಡ ರೆಸಾರ್ಟುಗಳ ಆ ಊರಿನಿಂದ ಒಂದು ದಿನ ಬಿಡುವು ಮಾಡಿಕೊಂಡು ರಾಜಧಾನಿ ಸಾಂತೋ ದೊಮಿಂಗೋಗೆ ಹೋಗಿಬರುವುದು ಇಲ್ಲಿನ ಜನಪ್ರಿಯ ಪ್ರವಾಸಗಳಲ್ಲೊಂದು. ಅಮೆರಿಕ, ಕೆನಡಾಗಳಲ್ಲಿ ನೆಲೆಸಿದ ಕನ್ನಡಿಗರಿಗೆ ಈ ದ್ವೀಪ ಕೆಲವೇ ಗಂಟೆಗಳ ವಿಮಾನ ಪ್ರಯಾಣದ ದೂರ. ಅಲ್ಲಿಯವರೆಗೆ ಹೋದವರು ಸಮುದ್ರ ತೀರವನ್ನಷ್ಟೇ ನೋಡಿ ಮರಳಬಾರದು. ಎರಡು ಅಮೆರಿಕ ಖಂಡಗಳ ವಸಾಹತು ಚರಿತ್ರೆ ರೂಪ ಪಡೆದದ್ದು ಈ ನಗರದ ಬೀದಿಗಳಲ್ಲಿ.

## ನಗರದ ಹುಟ್ಟು

ಕ್ರಿಸ್ಟೋಫರ್ ಕೊಲಂಬಸ್ 1492ರ ಡಿಸೆಂಬರಿನಲ್ಲಿ ಹಿಸ್ಪಾನಿಯೋಲಾ ತಲುಪಿದ. ಉತ್ತರ ತೀರದಲ್ಲಿ ಅವನು ಕಟ್ಟಿಸಿದ ಮೊದಲ ನೆಲೆಗಳು ಬಾಳಲಿಲ್ಲ. ಅವನ ತಮ್ಮ ಬಾರ್ತೊಲೊಮ್ಯೂ 1496 ಮತ್ತು 1498ರ ನಡುವೆ ದಕ್ಷಿಣ ತೀರದಲ್ಲಿ, ಓಸಾಮಾ ನದಿಯ ಪೂರ್ವ ದಡದಲ್ಲಿ ಹೊಸ ಊರು ಕಟ್ಟಿದ. ವಾಸ್ಕೋ ಡ ಗಾಮ ಕೋಯಿಕ್ಕೋಡಿಗೆ ಬಂದು, ಮರಳುವಾಗ ನಮ್ಮ ಕಾರವಾರದ ಎದುರಿನ ಅಂಜುದೀವ್ ದ್ವೀಪದಲ್ಲಿ ತಂಗಿದ್ದೂ 1498ರಲ್ಲೇ. ಭಾರತದ ದಾರಿ ಹುಡುಕಿ ಹೊರಟ ಎರಡು ರಾಜ್ಯಗಳ ಹಡಗುಗಳು ಭೂಮಿಯ ಎರಡು ಬದಿಗಳಲ್ಲಿ ಹೆಚ್ಚೂಕಡಿಮೆ ಒಂದೇ ಹೊತ್ತಿಗೆ ಲಂಗರು ಹಾಕಿದ್ದವು.

1502ರ ಚಂಡಮಾರುತ ಆ ಊರನ್ನು ನೆಲಸಮ ಮಾಡಿತು. ಆಗಷ್ಟೇ ಬಂದಿದ್ದ ಗವರ್ನರ್ ನಿಕೊಲಾಸ್ ದೆ ಓವಾಂದೋ ನದಿಯ ಪಶ್ಚಿಮ ದಡದಲ್ಲಿ ನಗರವನ್ನು ಹೊಸದಾಗಿ ಕಟ್ಟಿಸಿದ. ನೇರ ಬೀದಿಗಳು ಒಂದನ್ನೊಂದು ಅಡ್ಡ ಹಾಯುವ ಚೌಕಮಣೆ ವಿನ್ಯಾಸ ಅವನ ಯೋಜನೆ. ಮುಂದೆ ಸ್ಪೇನ್ ಅಮೆರಿಕ ಖಂಡಗಳಲ್ಲಿ ಕಟ್ಟಿದ ನೂರಾರು ಪಟ್ಟಣಗಳಿಗೆ ಇದೇ ಮಾದರಿಯಾಯಿತು. ಈ ಹಳೆಯ ನಗರಭಾಗಕ್ಕೆ ‘ಸೋನಾ ಕೊಲೊನಿಯಾಲ್’ ಎಂದು ಹೆಸರು. ಯುನೆಸ್ಕೋ 1990ರಲ್ಲಿ ಇದನ್ನು ವಿಶ್ವ ಪರಂಪರೆಯ ಪಟ್ಟಿಗೆ ಸೇರಿಸಿತು.

## ದಾರಿ ಮತ್ತು ದಿನಚರಿ

ಪುಂತಾ ಕಾನಾದಿಂದ ರಾಜಧಾನಿಗೆ ಸುಮಾರು 200 ಕಿ.ಮೀ. 2012ರಲ್ಲಿ ಕೋರಲ್ ಹೆದ್ದಾರಿ ತೆರೆದ ಮೇಲೆ ಪ್ರಯಾಣ ಎರಡೂವರೆಯಿಂದ ಮೂರು ಗಂಟೆಗೆ ಇಳಿದಿದೆ. ಬಸ್ಸುಗಳು ಬೆಳಗಿನ ಜಾವವೇ ಹೋಟೆಲ್‌ಗಳಿಂದ ಜನರನ್ನು ಹತ್ತಿಸಿಕೊಂಡು ಹೊರಡುತ್ತವೆ, ಸಂಜೆಗತ್ತಲಿಗೆ ಮರಳಿ ಬಿಡುತ್ತವೆ.

ಬಸ್ಸಿನಲ್ಲಿ ನಿದ್ದೆ ಮಾಡದೆ ಕಿಟಕಿಯ ಆಚೆ ನೋಡುವುದು ಲೇಸು. ಲಾ ರೊಮಾನಾ ಮತ್ತು ಸಾನ್ ಪೆದ್ರೋ ದೆ ಮಾಕೊರೀಸ್ ಪಟ್ಟಣಗಳ ಸುತ್ತ ಮೈಲುಗಟ್ಟಲೆ ಕಬ್ಬಿನ ಗದ್ದೆಗಳಿವೆ. ಕಬ್ಬನ್ನು ಕೊಲಂಬಸ್ 1493ರ ಎರಡನೇ ಯಾನದಲ್ಲಿ ಈ ದ್ವೀಪಕ್ಕೆ ತಂದ. ಅಮೆರಿಕ ಖಂಡಗಳ ಮೊದಲ ಸಕ್ಕರೆ ಗಾಣಗಳು ತಿರುಗಿದ್ದು ಇಲ್ಲೇ. ಇಂದಿಗೂ ಕಬ್ಬು ಕಡಿಯುವವರಲ್ಲಿ ಬಹುಪಾಲು ಜನ ಹೈಟಿ ಮೂಲದವರು. ಅವರ ವಸತಿಗಳನ್ನು ‘ಬಾತೆಯ್’ ಎನ್ನುತ್ತಾರೆ. ನಗರದಲ್ಲಿ ಕಾಣಲಿರುವ ಅರಮನೆಗಳಿಗೆ ಹಣ ಎಲ್ಲಿಂದ ಬಂತು ಎಂಬುದರ ಸುಳಿವು ಈ ಗದ್ದೆಗಳಲ್ಲೇ ಸಿಗುತ್ತದೆ.

## ಮಾರ್ಗದರ್ಶಕ ಏಕೆ ಮುಖ್ಯ

ಸೋನಾ ಕೊಲೊನಿಯಾಲ್ ಚಿಕ್ಕದು. ನಕ್ಷೆ ಹಿಡಿದು ಯಾರು ಬೇಕಾದರೂ ಅರ್ಧ ದಿನದಲ್ಲಿ ಸುತ್ತಬಹುದು. ಆದರೂ ಮಾರ್ಗದರ್ಶಕ ಬೇಕು, ಏಕೆಂದರೆ ಕಣ್ಣಿಗೆ ಕಾಣುವುದು ಈ ನಗರದ ಅರ್ಧ ಕಥೆ ಮಾತ್ರ. ಅಮೆರಿಕ ಖಂಡಗಳ ಮೊದಲ ಕ್ಯಾಥೆಡ್ರಲ್, ಮೊದಲ ಆಸ್ಪತ್ರೆ, ಮೊದಲ ಉಚ್ಚ ನ್ಯಾಯಾಲಯ ಎಂಬ ಪಟ್ಟಿಯನ್ನು ಪ್ರತಿ ಫಲಕವೂ ಸಾರುತ್ತದೆ. ಅದೇ ನೆಲದಲ್ಲಿ ಆದ ಇನ್ನೆರಡು ಮೊದಲುಗಳಿಗೆ, ಅಂದರೆ ಮೂಲನಿವಾಸಿಗಳ ಪರ ಎದ್ದ ಮೊದಲ ಬಹಿರಂಗ ಪ್ರತಿಭಟನೆಗೆ ಮತ್ತು ಆಫ್ರಿಕನ್ ಗುಲಾಮರ ಮೊದಲ ದಾಖಲಿತ ಬಂಡಾಯಕ್ಕೆ, ಅಷ್ಟು ಪ್ರಚಾರವಿಲ್ಲ. ಅವನ್ನು ಹೇಳಬೇಕಾದವರು ಮಾರ್ಗದರ್ಶಕರು. ದೇಶದ ಪ್ರವಾಸೋದ್ಯಮ ಸಚಿವಾಲಯ ಅವರಿಗೆ ಪರವಾನಗಿ ಕೊಡುತ್ತದೆ. ಪರವಾನಗಿ ಚೀಟಿ ಧರಿಸಿದವರನ್ನೇ ಆರಿಸಿಕೊಳ್ಳಬೇಕು.

## ಓಸಾಮಾ ಕೋಟೆ ಮತ್ತು ಲಾಸ್ ದಾಮಾಸ್ ಬೀದಿ

ನಡಿಗೆ ಸಾಮಾನ್ಯವಾಗಿ ನದಿ ದಡದ ಓಸಾಮಾ ಕೋಟೆಯಿಂದ ಶುರುವಾಗುತ್ತದೆ. ಓವಾಂದೋ 1502ರಲ್ಲಿ ಇದರ ಕೆಲಸ ಆರಂಭಿಸಿದ. ಮಧ್ಯಯುಗದ ಸ್ಪೇನಿನಿಂದ ಎತ್ತಿ ತಂದಿಟ್ಟಂತೆ ಕಾಣುವ ಚೌಕ ಬುರುಜು ಇಲ್ಲಿನ ಹೆಗ್ಗುರುತು. ಶತಮಾನಗಳ ಕಾಲ, 20ನೇ ಶತಮಾನದ ಸರ್ವಾಧಿಕಾರಿ ರಫಾಯೆಲ್ ತ್ರುಹಿಯೋನ ಆಳ್ವಿಕೆಯಲ್ಲೂ, ಇದು ಸೆರೆಮನೆಯಾಗಿತ್ತು.

ಅಂಗಳದಲ್ಲಿ ಗೊನ್ಸಾಲೊ ಫೆರ್ನಾಂದೆಸ್ ದೆ ಓವಿಯೆದೋನ ಪ್ರತಿಮೆಯಿದೆ. ಈ ಕೋಟೆಯ ಅಧಿಕಾರಿಯಾಗಿದ್ದ ಅವನು ಹೊಸ ನಾಡಿನ ಗಿಡಮರ, ಪ್ರಾಣಿ, ಜನಜೀವನಗಳ ದೊಡ್ಡ ಇತಿಹಾಸ ಬರೆದ. ಅದರ ಮೊದಲ ಭಾಗ 1535ರಲ್ಲಿ ಅಚ್ಚಾಯಿತು. ಅನಾನಸನ್ನು ಯುರೋಪಿನ ಓದುಗರಿಗೆ ಚಿತ್ರಸಹಿತ ಪರಿಚಯಿಸಿದ್ದು ಆ ಗ್ರಂಥ. ಅನಾನಸು, ಮೆಣಸಿನಕಾಯಿ, ಕಡಲೆಕಾಯಿ, ಸೀಬೆ ಎಲ್ಲವೂ ಅಮೆರಿಕ ಖಂಡಗಳ ಬೆಳೆಗಳು. ಪೋರ್ಚುಗೀಸರ ಕಾಲದಲ್ಲಿ ಅವು ಕಡಲು ದಾಟಿ ನಮ್ಮ ನೆಲಕ್ಕೆ ಬಂದವು. ಇವತ್ತು ಬ್ಯಾಡಗಿ ಮೆಣಸಿನಕಾಯಿ ಇಲ್ಲದ ಅಡುಗೆ, ಬನವಾಸಿಯ ಅನಾನಸಿಲ್ಲದ ಸಂತೆಯನ್ನು ನಾವು ಊಹಿಸಿಕೊಳ್ಳಲಾರೆವು.

ಕೋಟೆಯ ಬಾಗಿಲಿನಿಂದ ಉತ್ತರಕ್ಕೆ ಸಾಗುವ ಲಾಸ್ ದಾಮಾಸ್ ಬೀದಿಯನ್ನು ಅಮೆರಿಕ ಖಂಡಗಳಲ್ಲಿ ಯುರೋಪಿಯನ್ನರು ಕಲ್ಲು ಹಾಸಿದ ಅತ್ಯಂತ ಹಳೆಯ ಬೀದಿ ಎನ್ನುತ್ತಾರೆ. ಕೊಲಂಬಸನ ಮಗ ದಿಯೆಗೋ 1509ರಲ್ಲಿ ಗವರ್ನರ್ ಆಗಿ ಬಂದಾಗ ಅವನ ಪತ್ನಿ ಮರಿಯಾ ದೆ ತೊಲೆದೋ ಜತೆ ಬಂದ ಸಖಿಯರು ಓಡಾಡಿದ ಬೀದಿಯಿದು. 18ನೇ ಶತಮಾನದ ಜೆಸ್ಯೂಟ್ ಚರ್ಚೊಂದು ಇಲ್ಲಿ ಈಗ ರಾಷ್ಟ್ರೀಯ ಸಮಾಧಿ ಮಂದಿರವಾಗಿದೆ. ಮುಂದಿನ ‘ಕಾಸಾಸ್ ರೆಯಾಲೆಸ್’ ಕಟ್ಟಡದಲ್ಲಿ 1511ರಲ್ಲಿ ಸ್ಥಾಪನೆಯಾದ ರಾಜ ನ್ಯಾಯಾಲಯ ಕೆಲಸ ಮಾಡುತ್ತಿತ್ತು. ಈಗ ಅದು ವಸಾಹತು ಕಾಲದ ವಸ್ತುಸಂಗ್ರಹಾಲಯ.

## ದಿಯೆಗೋ ಕೊಲಂಬಸನ ಅರಮನೆ

ಬೀದಿ ಮುಗಿಯುವ ಕಡೆ ಸ್ಪೇನ್ ಚೌಕ, ಅದರ ಅಂಚಿಗೆ ಕಮಾನುಗಳ ಎರಡು ಸಾಲಿನ ಮೊಗಸಾಲೆಯಿರುವ ‘ಅಲ್ಕಾಸಾರ್ ದೆ ಕೊಲೋನ್’. 1510ರ ದಶಕದಲ್ಲಿ ದಿಯೆಗೋ ತನ್ನ ಸಂಸಾರಕ್ಕೆ ಕಟ್ಟಿಸಿದ ಅರಮನೆಯಿದು. ಹವಳದ ಸುಣ್ಣಕಲ್ಲೇ ಇದರ ಸಾಮಗ್ರಿ. ಗೋಡೆಗೆ ಹತ್ತಿರ ನಿಂತು ನೋಡಿದರೆ ಕಲ್ಲಿನ ಮೈಯಲ್ಲಿ ಹವಳದ ಸಣ್ಣ ಸಣ್ಣ ರಂಧ್ರಗಳು, ಚಿಪ್ಪಿನ ಚೂರುಗಳು ಕಾಣುತ್ತವೆ. ನಗರದ ಹಳೆಯ ಕಟ್ಟಡಗಳಿಗೆಲ್ಲ ಇದೇ ಕಲ್ಲು. ಕಟ್ಟುವ ಶ್ರಮ ಮಾತ್ರ ದ್ವೀಪದ ಮೂಲನಿವಾಸಿಗಳಾದ ತಾಯಿನೋ ಜನರದು. ಪಾಳುಬಿದ್ದಿದ್ದ ಈ ಅರಮನೆಯನ್ನು 1950ರ ದಶಕದಲ್ಲಿ ಮತ್ತೆ ಎತ್ತಿ ನಿಲ್ಲಿಸಲಾಯಿತು. ಒಳಗಿನ ಪೀಠೋಪಕರಣ, ತೂಗುಪರದೆಗಳು ಹಳೆಯವೇ ಆದರೂ ದಿಯೆಗೋನ ಮನೆಯವಲ್ಲ, ಸ್ಪೇನಿನಿಂದ ತರಿಸಿದವು. ಒಳ್ಳೆಯ ಮಾರ್ಗದರ್ಶಕರು ಇದನ್ನು ಮೊದಲೇ ಹೇಳಿಬಿಡುತ್ತಾರೆ.

## ಕ್ಯಾಥೆಡ್ರಲ್ ಮತ್ತು ಅದರ ಎದುರಿನ ಪ್ರತಿಮೆ

ಹಳೆಯ ನಗರದ ನಡುವಿನ ಕೊಲೋನ್ ಉದ್ಯಾನದ ದಕ್ಷಿಣಕ್ಕೆ ಅಮೆರಿಕ ಖಂಡಗಳ ಮೊದಲ ಕ್ಯಾಥೆಡ್ರಲ್ ಇದೆ. 16ನೇ ಶತಮಾನದ ಮೊದಲಾರ್ಧದಲ್ಲಿ ಕಟ್ಟಿ 1541ರಲ್ಲಿ ಇದನ್ನು ಪೂಜೆಗೆ ತೆರೆದರು. ಒಳಗಿನ ಚಾವಣಿ ಗಾಥಿಕ್ ಶೈಲಿಯ ಪಕ್ಕೆಲುಬು ಕಮಾನುಗಳದು. ಪಶ್ಚಿಮದ ಮುಖಮಂಟಪ ನವೋದಯ ಕಾಲದ ಸ್ಪೇನಿನ ನವಿರು ಕೆತ್ತನೆಯದು. 1586ರಲ್ಲಿ ಇಂಗ್ಲೆಂಡಿನ ಫ್ರಾನ್ಸಿಸ್ ಡ್ರೇಕ್ ನಗರಕ್ಕೆ ನುಗ್ಗಿ, ಒಂದು ತಿಂಗಳು ಕೂತು, 25 ಸಾವಿರ ಡ್ಯೂಕಟ್ ದಂಡ ಕಕ್ಕಿಸಿಯೇ ಹೊರಟ. ಬಿಟ್ಟುಹೋಗುವ ಮೊದಲು ನಗರದ ಬಹಳಷ್ಟನ್ನು ಸುಟ್ಟು, ಚರ್ಚುಗಳನ್ನು ದೋಚಿದ್ದ.

ಉದ್ಯಾನದ ನಡುವೆ 1887ರ ಕೊಲಂಬಸ್ ಪ್ರತಿಮೆ. ಅವನ ಕಾಲ ಬುಡದಲ್ಲಿ ಪೀಠ ಹತ್ತುತ್ತಾ ಅವನ ಹೆಸರು ಬರೆಯುವ ತಾಯಿನೋ ಹೆಣ್ಣಿನ ಶಿಲ್ಪವಿದೆ. ಅವಳು ಹರಾಗ್ವಾ ಸೀಮೆಯ ರಾಣಿ ಆನಾಕಾವೋನಾ ಎನ್ನುತ್ತಾರೆ. ಅವಳೇ ಔತಣವಿತ್ತು ಬರಮಾಡಿಕೊಂಡ ಓವಾಂದೋನ ಸೈನಿಕರು ಅವಳ ನಾಯಕರನ್ನು ಮನೆಯೊಳಗೆ ಕೂಡಿ ಸುಟ್ಟರು. ಅವಳನ್ನು ಈ ನಗರಕ್ಕೆ ಎಳೆತಂದು ನೇಣಿಗೆ ಹಾಕಿದರು. ಆ ರಾಣಿಯ ಕೈಯಲ್ಲಿ ಕೊಲಂಬಸನ ಹೆಸರು ಬರೆಸಿದ ಶಿಲ್ಪದ ಮುಂದೆ ಎಲ್ಲ ಗುಂಪುಗಳೂ ಫೋಟೋ ತೆಗೆಸಿಕೊಳ್ಳುತ್ತವೆ. ಅವಳ ಕಥೆ ಕೇಳಿದ ಮೇಲೆ ಆ ಶಿಲ್ಪವನ್ನು ಮೊದಲಿನಂತೆ ನೋಡಲಾಗುವುದಿಲ್ಲ.

## ಪ್ರತಿಭಟನೆಯ ನೆಲ

ಉದ್ಯಾನದಿಂದ ದಕ್ಷಿಣಕ್ಕೆ ಕೆಲವು ನಿಮಿಷ ನಡೆದರೆ ಡೊಮಿನಿಕನ್ ಸನ್ಯಾಸಿಗಳ ಮಠ ಸಿಗುತ್ತದೆ. ಆ ಪಂಥದವರು ಇಲ್ಲಿಗೆ ಬಂದದ್ದು 1510ರಲ್ಲಿ. ಅಷ್ಟರಲ್ಲಿ ತಾಯಿನೋ ಜನರನ್ನು ಸ್ಪೇನಿನ ಒಡೆಯರಿಗೆ ಹಂಚಿ ಚಿನ್ನದ ಗಣಿ, ಹೊಲಗಳಲ್ಲಿ ದುಡಿಸುವ ‘ಎನ್‌ಕೊಮಿಯೆಂದಾ’ ಪದ್ಧತಿ ಬೇರೂರಿತ್ತು. 1511ರ ಡಿಸೆಂಬರ್ 21ರಂದು ಆಂತೋನಿಯೋ ದೆ ಮೊಂತೆಸಿನೋಸ್ ಎಂಬ ಸನ್ಯಾಸಿ, ದಿಯೆಗೋ ಕೊಲಂಬಸ್ ಮತ್ತು ಅಧಿಕಾರಿಗಳ ಎದುರೇ, ಇದು ಮಹಾಪಾಪ, ಇವರೂ ಮನುಷ್ಯರೇ ಅಲ್ಲವೇ ಎಂದು ಪ್ರವಚನದಲ್ಲಿ ಕೇಳಿದ. ಸಿಟ್ಟಾದ ಒಡೆಯರು ಕ್ಷಮೆ ಕೇಳಿಸಲು ಮಠಕ್ಕೆ ಹೋದರು. ಮುಂದಿನ ಭಾನುವಾರ ಅವನು ಅದೇ ಮಾತನ್ನು ಇನ್ನೂ ಗಟ್ಟಿಯಾಗಿ ಹೇಳಿದ.

ಈ ಪ್ರವಚನ ನಮಗೆ ತಿಳಿದಿರುವುದು ಬಾರ್ತೊಲೊಮೆ ದೆ ಲಾಸ್ ಕಾಸಾಸ್‌ನ ಬರಹದಿಂದ. ಮೊದಲು ತಾನೇ ತಾಯಿನೋ ಆಳುಗಳ ಒಡೆಯನಾಗಿದ್ದ ಲಾಸ್ ಕಾಸಾಸ್ ಮುಂದೆ ಎಲ್ಲವನ್ನೂ ತೊರೆದು ಡೊಮಿನಿಕನ್ ಸನ್ಯಾಸಿಯಾದ, ಮೂಲನಿವಾಸಿಗಳ ಪರ ಜೀವನವಿಡೀ ಹೋರಾಡಿದ. ತಾಯಿನೋ ಜನರ ಬದಲು ಆಫ್ರಿಕನ್ ಗುಲಾಮರನ್ನು ತರಿಸಬಹುದೆಂದು ಒಮ್ಮೆ ಸಲಹೆ ಕೊಟ್ಟಿದ್ದ ಅವನು, ಅದು ಅನ್ಯಾಯವೆಂದು ಕೊನೆಗೆ ಬರೆದು ಪಶ್ಚಾತ್ತಾಪಪಟ್ಟ.

ಆದರೆ ತಾಯಿನೋ ಜನರಲ್ಲಿ ಹೆಚ್ಚಿನವರು ಉಳಿಯಲಿಲ್ಲ. 1514ರ ಹಂಚಿಕೆಯ ಲೆಕ್ಕದಲ್ಲಿ ಸಿಕ್ಕವರು ಸುಮಾರು 26 ಸಾವಿರ. 1518ರ ಕೊನೆಗೆ ಬಂದ ಸಿಡುಬು ಉಳಿದವರಲ್ಲೂ ಅನೇಕರನ್ನು ಕೊಂದಿತು. ಗಾಣಗಳಿಗೆ ಆಫ್ರಿಕನ್ನರು ಬಂದರು. 1521ರ ಕ್ರಿಸ್‌ಮಸ್ ಹೊತ್ತಿಗೆ ದಿಯೆಗೋ ಕೊಲಂಬಸನ ಕಬ್ಬಿನ ತೋಟದಲ್ಲೇ ಅವರು ದಂಗೆಯೆದ್ದರು. ಅಮೆರಿಕ ಖಂಡಗಳ ಗುಲಾಮರ ಮೊದಲ ದಾಖಲಿತ ಬಂಡಾಯವಿದು. ಅದನ್ನು ಹತ್ತಿಕ್ಕಿದ ಬೆನ್ನಿಗೇ, 1522ರ ಜನವರಿಯಲ್ಲಿ, ಗುಲಾಮರನ್ನು ನಿಯಂತ್ರಿಸುವ ಕಾನೂನುಗಳನ್ನು ಹೊರಡಿಸಲಾಯಿತು. ಇತ್ತ ಬಾಹೊರುಕೋ ಬೆಟ್ಟಗಳಲ್ಲಿ ತಾಯಿನೋ ನಾಯಕ ಎನ್ರಿಕಿಯೋ 1519ರಿಂದ 1533ರವರೆಗೆ ಹೋರಾಡಿ, ಕೊನೆಗೆ ಸ್ಪೇನಿನ ದೊರೆಯಿಂದ ಒಪ್ಪಂದವನ್ನೇ ಪಡೆದ. ಅರಮನೆಯ ಮೊಗಸಾಲೆಯಲ್ಲಿ ನಿಂತವರಿಗೆ ಇವೆಲ್ಲ ತಿಳಿದಿರಬೇಕು.

## ಎಲ್ ಕೊಂದೆ ಮತ್ತು ಸ್ವಾತಂತ್ರ್ಯ

ಕೊಲೋನ್ ಉದ್ಯಾನದಿಂದ ಪಶ್ಚಿಮಕ್ಕೆ ಸಾಗುವ ಎಲ್ ಕೊಂದೆ, ಅಂಗಡಿ, ಕಾಫಿಮನೆಗಳ ಪಾದಚಾರಿ ಬೀದಿ. ಅದರ ತುದಿಯ ಕೊಂದೆ ಬಾಗಿಲಿನಲ್ಲಿ 1844ರ ಫೆಬ್ರವರಿ 27ರಂದು, 22 ವರ್ಷಗಳ ಹೈಟಿ ಆಳ್ವಿಕೆ ಮುಗಿಸಿ, ಡೊಮಿನಿಕನ್ ಗಣರಾಜ್ಯ ಘೋಷಣೆಯಾಯಿತು. ಈ ದೇಶದ ಸ್ವಾತಂತ್ರ್ಯ ದಿನ ಸ್ಪೇನಿನಿಂದಲ್ಲ, ನೆರೆಯ ಹೈಟಿಯಿಂದ ಬಿಡುಗಡೆಯಾದ ದಿನ. ಎರಡು ದೇಶಗಳ ನಡುವಿನ ಇಂದಿನ ಬಿಗುವು ಅರ್ಥವಾಗಬೇಕಾದರೆ ಇದು ಗೊತ್ತಿರಬೇಕು. ಬಾಗಿಲಿನ ಹಿಂದಿನ ಸ್ಮಾರಕದಲ್ಲಿ ದುವಾರ್ತೆ, ಸಾಂಚೆಸ್, ಮೆಯಾ ಎಂಬ ಮೂವರು ರಾಷ್ಟ್ರಪಿತರ ಅಸ್ಥಿಗಳಿವೆ.

## ಹಳೆಯ ನಗರದ ಹೊರಗೆ

ಅನೇಕ ಪ್ರವಾಸಗಳು ನದಿಯಾಚೆಯ ಎರಡು ತಾಣಗಳನ್ನೂ ಸೇರಿಸುತ್ತವೆ. ‘ಲೋಸ್ ತ್ರೆಸ್ ಓಹೋಸ್’ ಸುಣ್ಣಕಲ್ಲಿನ ಗುಹೆಗಳೊಳಗಿನ ತಿಳಿನೀರಿನ ಕೊಳಗಳ ಸರಣಿ. ಕಡಿದಾದ ಮೆಟ್ಟಿಲಿಳಿಯಬೇಕು, ಮಂಡಿನೋವಿನವರು ಎಚ್ಚರ ವಹಿಸಬೇಕು. ಶಿಲುಬೆಯಾಕಾರದ ದೈತ್ಯ ಕಾಂಕ್ರೀಟ್ ಕಟ್ಟಡವಾದ ಕೊಲಂಬಸ್ ದೀಪಸ್ತಂಭ 1992ರಲ್ಲಿ ಉದ್ಘಾಟನೆಯಾಯಿತು. ಅದಕ್ಕೆ ಜಾಗ ಮಾಡಲು ಸುತ್ತಲಿನ ಸಾವಿರಾರು ಜನರನ್ನು ಎಬ್ಬಿಸಲಾಯಿತು. 1877ರಲ್ಲಿ ಕ್ಯಾಥೆಡ್ರಲ್‌ನಲ್ಲಿ ಸಿಕ್ಕ ಸೀಸದ ಪೆಟ್ಟಿಗೆಯ ಅಸ್ಥಿಗಳು ಇಲ್ಲಿವೆ. ಅವು ಕೊಲಂಬಸನವು ಎಂದು ಡೊಮಿನಿಕನ್ನರು, ನಿಜವಾದವು ಸೆವಿಲ್‌ನಲ್ಲಿವೆ ಎಂದು ಸ್ಪೇನಿನವರು ವಾದಿಸುತ್ತಾರೆ. ಸಮಯ ಕಡಿಮೆಯಿದ್ದರೆ ದೀಪಸ್ತಂಭವನ್ನು ಬಿಟ್ಟು ಆ ಹೊತ್ತನ್ನು ಹಳೆಯ ಬೀದಿಗಳಿಗೆ ಕೊಡುವುದು ಮೇಲು.

## ಊಟ ಮತ್ತು ಖರೀದಿ

ಪ್ರವಾಸದ ಶುಲ್ಕದಲ್ಲಿ ಸಾಮಾನ್ಯವಾಗಿ ಮಧ್ಯಾಹ್ನದ ಊಟ ಸೇರಿರುತ್ತದೆ. ಇಲ್ಲಿನವರ ದಿನದ ಊಟ ‘ಲಾ ಬಾಂದೇರಾ’: ಅನ್ನ, ರಾಜ್ಮಾ ಬಗೆಯ ಕಾಳಿನ ಸಾರು, ಮಾಂಸ. ಸಸ್ಯಾಹಾರಿಗಳಿಗೆ ಅನ್ನ, ಕಾಳು, ಕರಿದ ಬಾಳೆಕಾಯಿ, ಬೆಣ್ಣೆಹಣ್ಣು ಧಾರಾಳ ಸಿಗುತ್ತವೆ. ಆದರೆ ಕಾಳಿನ ಸಾರಿಗೆ ಮಾಂಸ ಬೆರೆಸಿದ್ದಾರೆಯೇ ಎಂದು ಮೊದಲೇ ಕೇಳಬೇಕು. ಅಂಗಡಿಗಳ ವಿಶೇಷ ವಸ್ತುಗಳು ಅಂಬರ್ ಮತ್ತು ಲಾರಿಮಾರ್. ತಿಳಿ ನೀಲಿಯ ಲಾರಿಮಾರ್ ಈ ದೇಶದ ಬಾರಾಓನಾ ಪ್ರಾಂತದಲ್ಲಷ್ಟೇ ದೊರೆಯುವ ಕಲ್ಲು. ನಕಲಿಗಳೂ ಉಂಟು, ನಂಬಿಕೆಯ ಅಂಗಡಿಯಲ್ಲೇ ಕೊಳ್ಳಬೇಕು.

## ಹೋಗುವವರಿಗೆ ಸೂಚನೆಗಳು

ಹಲವು ವಸ್ತುಸಂಗ್ರಹಾಲಯಗಳಿಗೆ ಸೋಮವಾರ ರಜೆ. ಬೇರೆ ದಿನ ಆರಿಸಿಕೊಳ್ಳಿ. ಕ್ಯಾಥೆಡ್ರಲ್‌ಗೆ ಭುಜ, ಮಂಡಿ ಮುಚ್ಚುವ ಬಟ್ಟೆ ಬೇಕು. ಬಿಸಿಲು, ಸೆಕೆ ನಮ್ಮ ಕರಾವಳಿಯದೇ ರೀತಿಯದು. ಟೋಪಿ, ನೀರು, ಗಟ್ಟಿ ಚಪ್ಪಲಿ ಇರಲಿ. ಡಿಸೆಂಬರಿನಿಂದ ಏಪ್ರಿಲ್‌ವರೆಗೆ ಮಳೆ ಕಡಿಮೆ. ಜೂನ್‌ನಿಂದ ನವೆಂಬರ್ ಚಂಡಮಾರುತದ ಕಾಲ. ದೇಶದ ಒಳಬರಲು, ಹೊರಹೋಗಲು ಸರ್ಕಾರದ ಉಚಿತ ಇ-ಟಿಕೆಟ್ ಅರ್ಜಿಯನ್ನು ಆನ್‌ಲೈನ್‌ನಲ್ಲಿ ತುಂಬಬೇಕು. ವೀಸಾ ನಿಯಮಗಳನ್ನು ಹೊರಡುವ ಮುನ್ನ ರಾಯಭಾರ ಕಚೇರಿಯಲ್ಲಿ ವಿಚಾರಿಸಿಕೊಳ್ಳಿ.

ಪ್ರವಾಸ ಕಾಯ್ದಿರಿಸುವಾಗ ಎರಡು ವಿಷಯ ಕೇಳಿ: ಹಳೆಯ ನಗರದಲ್ಲಿ ನಡೆಯಲು ಎಷ್ಟು ಗಂಟೆ ಕೊಡುತ್ತಾರೆ, ಡೊಮಿನಿಕನ್ ಮಠಕ್ಕೆ ಕರೆದೊಯ್ಯುತ್ತಾರೆಯೇ? ಮಠ ಪಟ್ಟಿಯಲ್ಲಿ ಇಲ್ಲದಿದ್ದರೆ ಊಟದ ನಂತರದ ಬಿಡುವಿನಲ್ಲಿ ನೀವೇ ಹೋಗಿಬನ್ನಿ. ಕಟ್ಟಿಸಿದವರ ಹೆಸರು ನಗರದ ಎಲ್ಲ ಗೋಡೆಗಳ ಮೇಲಿದೆ. ಕಟ್ಟಿದವರನ್ನು, ಎದುರು ನಿಂತವರನ್ನು ಕೇಳಿ ತಿಳಿದುಕೊಳ್ಳಬೇಕಾದವರು ನಾವು. ಹಾಗೆ ಕೇಳಿದವರಿಗೆ ಒಂದು ದಿನದಲ್ಲೂ ಸಾಂತೋ ದೊಮಿಂಗೋ ಪೂರ್ತಿಯಾಗಿ ದಕ್ಕುತ್ತದೆ.